ಶರೀಫಾಬಿಯ ಅಸಲು

ಹೇಮಂತ ಫೋನನ್ನು ತಿರುಗಿಸಿ ಶರೀಫಾಬಿಯ ಮುಖದ ಮುಂದೆ ಹಿಡಿದ.

"ನೋಡ್ರಿ ಚಾಚಿ. ಎರಡ ಸಾವಿರದ ಏಳನೂರಾ ಮೂವತ್ತ. ಇದ ನಿಮ್ಮ ಅಸಲು. ಹೌದೋ ಅಲ್ಲೋ ಹೇಳ್ರಿ."

ಮಗ್ಗದ ಸದ್ದು ನಿಂತಿತು. ನೂಲು ಕುಟ್ಟಿ ಕೂರಿಸುತ್ತಿದ್ದ ಸೊಸೆ ಮುಮತಾಜ್ ಕಬ್ಬಿಣದ ಹಣಿಗೆಯನ್ನು ಕೈಯಲ್ಲಿ ಹಿಡಿದೇ ತಿರುಗಿ ನೋಡಿದಳು. ಹೊಸ್ತಿಲ ಹತ್ತಿರ ಕುಳಿತು ಜಮಖಾನದ ಅಂಚಿಗೆ ಗೊಂಡೆ ಕಟ್ಟುತ್ತಿದ್ದ ಮಗಳು ತಬಸುಮ್ ತಲೆ ಎತ್ತಿದಳು. ಆ ಮನೆಯಲ್ಲಿ ಹೊರಗಿನವನೊಬ್ಬ ಅಸಲಿನ ಮಾತನ್ನು ಅಷ್ಟು ಜೋರಾಗಿ ಆಡಿದ್ದು ಅದೇ ಮೊದಲು.

ಶರೀಫಾಬಿ ಹೌದು ಅನ್ನಲಿಲ್ಲ, ಅಲ್ಲ ಅನ್ನಲಿಲ್ಲ. ಎರಡನ್ನೂ ಅನ್ನುವ ಹಾಗಿರಲಿಲ್ಲ.

ಆ ಮನೆಯ ರಿವಾಜು ಹಾಗೆ. ಒಂದು ಜಮಖಾನಕ್ಕೆ ಬಿದ್ದ ಖರ್ಚು ಎಷ್ಟೆಂಬುದನ್ನು ಅತ್ತೆ ಸೊಸೆಗೆ ಮಾತ್ರ ಹೇಳಬೇಕು. ಗಿರಾಕಿಗೆ ಹೇಳುವಂತಿಲ್ಲ. ಮಗಳಿಗಂತೂ ಇಲ್ಲವೇ ಇಲ್ಲ. ಅಸಲು ಗೊತ್ತಾದರೆ ನೂಲು ಎಷ್ಟು ಹಿಡಿಯಿತು, ಬಣ್ಣಕ್ಕೆ ಎಷ್ಟು ಹೋಯಿತು ಎಲ್ಲವೂ ಗೊತ್ತಾದ ಹಾಗೆ. ಮಗಳು ಅದನ್ನು ಗಂಡನ ಮನೆಗೆ ಹೊತ್ತುಕೊಂಡು ಹೋದರೆ ಅಲ್ಲೊಂದು ಮಗ್ಗ ಏಳುತ್ತದೆ. ಬಿ.ಕಾಂ. ಎರಡನೇ ವರ್ಷ ಓದುತ್ತಿದ್ದ ತಬಸುಮ್‌ಗೆ ಅಲ್ಲಿ ಗೊಂಡೆ ಕಟ್ಟುವುದೊಂದೇ ಕೆಲಸ. ಮಗ್ಗದ ಮುಂದೆ ಕೂರುವಂತಿಲ್ಲ, ವ್ಯಾಪಾರದ ನಡುವೆ ಬಾಯಿ ಹಾಕುವಂತಿಲ್ಲ. ಯಾಕೆ ಎಂದು ಕೇಳಿದರೆ ಶರೀಫಾಬಿಯ ಉತ್ತರ ಒಂದೇ: "ನಿನಗ್ಯಾಕ? ನೀ ಹೋಗಾಕಿ."

ಹೇಮಂತ ಸಂಶಿಯವನು. ಅಲ್ಲಿ ಅವನಿಗೆ ಹಾಸಿಗೆ, ಪರದೆ ಮಾರುವ ಅಂಗಡಿ ಇದೆ. ಹೋದ ಚಳಿಗಾಲದಲ್ಲಿ ಧಾರವಾಡದ ಮೇಳದ ಕೊನೆಯ ದಿನ ಶರೀಫಾಬಿ ಉಳಿದ ಮಾಲನ್ನು ಹೊತ್ತು ತರಲಾರದೆ ಸೋವಿಗೆ ಬಿಟ್ಟಿದ್ದಳು. ಅದರಲ್ಲಿ ಎರಡನ್ನು ಹೇಮಂತ ಕೊಂಡಿದ್ದ. ಅವನ ಅಂಗಡಿಯಲ್ಲಿ ತೂಗುತ್ತಿದ್ದ ಆ ನವಿಲು ಚಿತ್ತಾರದ ಜಮಖಾನಗಳನ್ನು ಕಲಘಟಗಿ ಕಡೆ ಹೊಸದಾಗಿ ರೆಸಾರ್ಟ್ ಕಟ್ಟಿದವನೊಬ್ಬ ನೋಡಿ, ಇಂಥವೇ ನಲವತ್ತು ಬೇಕೆಂದ. ಶರೀಫಾಬಿಯ ಮನೆಯಲ್ಲಿ ಅಷ್ಟು ಮಾಲು ತಯಾರಿತ್ತು. ವರ್ಷವಿಡೀ ನೇಯ್ದು ಮಾರಾಟವಾಗದೆ ಗೋಡೆಗೆ ಆತು ನಿಂತ ರಾಶಿ ಅದು.

ಅದು ಇವತ್ತು ಹೋಗಬೇಕಿತ್ತು, ಅದೂ ಅಸಲಿನ ಮೇಲೆ ಹೋಗಬೇಕಿತ್ತು. ಹೋಗದಿದ್ದರೆ ಮುಮತಾಜಳ ಮಗ್ಗ ಬಿಚ್ಚಿ, ಆ ಖೋಲಿಯನ್ನು ಪಾರ್ಸಲ್ ಗೋಡೌನಿಗೆ ಬಾಡಿಗೆ ಕೊಡುವುದೆಂದು ಶರೀಫಾಬಿ ಆಗಲೇ ಮಾತು ಆಡಿಬಿಟ್ಟಿದ್ದಳು. ಮುಮತಾಜ್ ಹುಬ್ಬಳ್ಳಿಯ ಗಾರ್ಮೆಂಟ್ಸಿಗೆ ಹೋಗಬೇಕು. ಅಸಲಿಗಿಂತ ಕೆಳಗೆ ಹೋದರೂ ಅದೇ ಗತಿ. ಮುಂದಿನ ನೂಲು ತರುವಷ್ಟು ಗಂಟು ಕೈಯಲ್ಲಿ ಉಳಿಯುವುದಿಲ್ಲ.

"ನೀವು ಬಾಯಿ ಬಿಡೂದಿಲ್ಲಂತ ಗೊತ್ತೈತಿ. ಅದಕ್ಕ ನಾನ ಕಂಡಹಿಡದೇನಿ," ಎಂದ ಹೇಮಂತ. ಪಂದ್ಯ ಗೆದ್ದವನ ಹಾಗೆ ನಗುತ್ತಿದ್ದ. "ಮೇಳದಾಗ ನಂಗ ಎಷ್ಟಕ್ಕ ಕೊಟ್ರಿ? ಎರಡ ಸಾವಿರದ ನೂರಕ್ಕ. ಕೊಡೂಮುಂದ ಏನಂದ್ರಿ? 'ನೂರಕ್ಕ ಮೂವತ್ತ ಮಣ್ಣಾತು ತಮ್ಮಾ' ಅಂದ್ರಿ. ಹೌದಿಲ್ಲೋ?"

"ಅಂದಿದ್ದೆ."

"ಮತ್ತ? ಎರಡ ಸಾವಿರದ ನೂರಕ್ಕ ಮೂವತ್ತ ಪರ್ಸೆಂಟ್ ಕೂಡ್ಸಿದ್ರ ಎರಡ ಸಾವಿರದ ಏಳನೂರಾ ಮೂವತ್ತ. ನಾ ಹೇಳೂದಲ್ಲ, ಫೋನ್ ಹೇಳತೈತಿ. ಈಗ ನಾ ಎರಡ ಸಾವಿರದ ಒಂಬೈನೂರು ಕೊಡತೇನಿ. ಒಂದೊಂದಕ್ಕ ನೂರಾ ಎಪ್ಪತ್ತ ಲಾಭ. ಮಂದೀಗೆ ಲುಕ್ಸಾನ ಮಾಡಿ ಬದಕಾವ ಅಲ್ರಿ ನಾ."

"ಗಿಟ್ಟೂದಿಲ್ಲಪಾ."

"ಯಾಕ ಗಿಟ್ಟೂದಿಲ್ಲ?"

"ಗಿಟ್ಟೂದಿಲ್ಲ ಅಂದ್ರ ಗಿಟ್ಟೂದಿಲ್ಲ."

"ನನ್ನ ಲೆಕ್ಕ ತಪ್ಪೈತೇನು? ತಪ್ಪಿದ್ರ ಸರಿ ಎಷ್ಟ ಹೇಳ್ರಿ. ಅದರ ಮ್ಯಾಲೆ ನೂರಾ ಎಪ್ಪತ್ತ ಹಾಕಿ ಈಗಿಂದೀಗ ಎಣಿಸತೇನಿ."

ಲೆಕ್ಕ ತಪ್ಪಿತ್ತು. ತಪ್ಪಿದೆ ಎಂದು ಶರೀಫಾಬಿಗೆ ಗೊತ್ತಿತ್ತು, ಮುಮತಾಜಳಿಗೂ ಗೊತ್ತಿತ್ತು. ಎಲ್ಲಿ ತಪ್ಪಿದೆ ಎಂಬುದು ಇಬ್ಬರಿಗೂ ಗೊತ್ತಿರಲಿಲ್ಲ. ತಪ್ಪು ಎಂದರೆ ಅವನು ಸರಿ ಎಷ್ಟು ಎನ್ನುತ್ತಾನೆ. ಸರಿಯನ್ನು ಹೇಳಿದರೆ ಅಸಲು ಬಯಲಾಗುತ್ತದೆ. ಅತ್ತೆ ಸೊಸೆ ಉರ್ದುವಿನಲ್ಲಿ ಏನೋ ಪಿಸುಗುಟ್ಟಿಕೊಂಡರು. ಹೇಮಂತ ಅದನ್ನು ಬೇರೆ ರೀತಿ ತಿಳಿದುಕೊಂಡ.

"ಗೊತ್ತಾತು ಬಿಡ್ರಿ. ಲಾಭ ಸಾಲವಲ್ದು. ನೆಟ್ಟಗ ಹೇಳೂದು ಬಿಟ್ಟು ಗಿಟ್ಟೂದಿಲ್ಲ, ಗಿಟ್ಟೂದಿಲ್ಲ ಅಂದ್ರ? ಮಷೀನ್ ಮ್ಯಾಲಿನ ಮಾಲು ಸಾವಿರದ ಎಂಟನೂರಕ್ಕ ಬರತೈತ್ರಿ. ಅದರಾಗೂ ನವಿಲ ಇರತಾವು." ಅವನು ಎದ್ದು ಚಪ್ಪಲಿ ಮೆಟ್ಟಿದ. "ಏ ಯಲ್ಲಪ್ಪಾ, ಗಾಡಿ ತಿರಗಸ."

ಹೊರಗೆ ಚಾಲಕ ಯಲ್ಲಪ್ಪ ಗಾಡಿ ಚಾಲೂ ಮಾಡಿದ. ಹೇಮಂತ ಹತ್ತಿ ಕುಳಿತ. ಓಣಿ ಇಕ್ಕಟ್ಟು. ತಿರುಗಿಸಲು ಹಿಂದೆ ಮುಂದೆ ಮಾಡಬೇಕಿತ್ತು. ತಬಸುಮ್‌ಗೆ ಸಿಕ್ಕಿದ್ದು ಅಷ್ಟೇ ಹೊತ್ತು.

ಮೊದಲು ಅವಳೂ ತಾಯಿ ಸುಳ್ಳು ಹೇಳುತ್ತಿದ್ದಾಳೆ ಎಂದೇ ಅಂದುಕೊಂಡಿದ್ದಳು. ವ್ಯಾಪಾರದಲ್ಲಿ ಶರೀಫಾಬಿ ಸುಳ್ಳು ಹೇಳುವುದು ಹೊಸದಲ್ಲ. ಆದರೆ ತಾಯಿಯ ಮುಖ ನೋಡಿದಳು. ಸುಳ್ಳು ಹೇಳುವಾಗ ಆ ಮುಖ ಅಳುಮೋರೆಯಾಗುತ್ತಿತ್ತು, ಕೈ ಆಕಾಶಕ್ಕೆ ಹೋಗುತ್ತಿತ್ತು. ಈಗ ಕೈ ಮಡಿಲಲ್ಲೇ ಬಿದ್ದಿತ್ತು. ಹಾಗಾದರೆ ಹೇಮಂತನ ಸಂಖ್ಯೆಯೇ ಸುಳ್ಳು. ತಪ್ಪಿದ್ದೆಲ್ಲಿ? ಎರಡು ಸಾವಿರದ ನೂರು ನಿಜ. ನೂರಕ್ಕೆ ಮೂವತ್ತೂ ನಿಜ, ಅದನ್ನು ತಾಯಿ ಓಣಿಗೆಲ್ಲ ಹೇಳಿಕೊಂಡು ಅತ್ತಿದ್ದಾಳೆ. ಅವನು ಮುಂದಕ್ಕೆ ಹೋದ ದಾರಿಯಲ್ಲೇ ಹಿಂದಕ್ಕೆ ಬಂದು ನೋಡಿದರೆ? ಎರಡು ಸಾವಿರದ ಏಳುನೂರ ಮೂವತ್ತನ್ನು ಅಸಲೆಂದೇ ಇಟ್ಟುಕೊಂಡು ಅದರಲ್ಲಿ ನೂರಕ್ಕೆ ಮೂವತ್ತು ಕಳೆಯಬೇಕು. ಎಂಟುನೂರ ಹತ್ತೊಂಬತ್ತು ಹೋಯಿತು. ಉಳಿದದ್ದು...

ತಬಸುಮ್ ಗೊಂಡೆ ಅರ್ಧಕ್ಕೆ ಬಿಟ್ಟು ಓಡಿದಳು. ಬಾಗಿಲಲ್ಲಿ ಚಪ್ಪಲಿಗಳ ಮೇಲೆ ಕಾಲಿಟ್ಟು ಮುಗ್ಗರಿಸಿ ಗಾಡಿಯ ಬಾನೆಟ್ ಹಿಡಿದುಕೊಂಡಳು.

"ಏ ಏ ಏ!" ಯಲ್ಲಪ್ಪ ಬ್ರೇಕ್ ಒತ್ತಿದ. "ಸಾಯಾಕ ನನ್ನ ಗಾಡೀನ ಬೇಕಾತೇನವಾ ನಿನಗ?"

"ಹೇಮಂತಣ್ಣಾ, ಫೋನ್ ತಗೀರಿ."

"ಏನಾತವಾ?"

"ತಗೀರಿ ಅಂದ್ರ ತಗೀರಿ! ಎರಡ ಸಾವಿರದ ಏಳನೂರಾ ಮೂವತ್ತ ಒತ್ತರಿ. ಒತ್ತಿದ್ರೇನು? ಮೈನಸ್ ಮೂವತ್ತ ಪರ್ಸೆಂಟ್. ಎಷ್ಟ ಬಂತು?"

ಹೇಮಂತ ಒತ್ತಿದ. ಫೋನ್ ನೋಡಿದ. ಅಳಿಸಿ ಮತ್ತೊಮ್ಮೆ ಒತ್ತಿದ.

"ಸಾವಿರದ ಒಂಬೈನೂರಾ ಹನ್ನೊಂದು."

"ನೀವು ಮೇಳದಾಗ ಕೊಟ್ಟಿದ್ದ ಎಷ್ಟು?"

"ಎರಡ ಸಾವಿರದ ನೂರು."

"ಮತ್ತ ನಿಮ್ಮ ಅಸಲು ಖರೇ ಇದ್ದಿದ್ರ ಎರಡ ಸಾವಿರದ ನೂರ ಬರಬೇಕಿತ್ತಲ್ಲರಿ? ನಡುವ ನೂರಾ ಎಂಬತ್ತೊಂಬತ್ತ ಯಾರ ನುಂಗಿದ್ರು?"

ಯಲ್ಲಪ್ಪ ಗಾಡಿ ಬಂದ್ ಮಾಡಿ ಕಿಟಕಿಯಿಂದ ಕತ್ತು ಚಾಚಿದ. "ಸಾವಕಾರ್ರ, ಫೋನ್ ಕೆಟ್ಟೈತೇನ್ರಿ?"

"ಹೊಸಾದೈತಲೇ ಅದು." ಹೇಮಂತ ಹಣೆ ಒರೆಸಿಕೊಂಡ. "ಅಲ್ಲವಾ, ಇಳಸೂಮುಂದ ಮೂವತ್ತ, ಏರಸೂಮುಂದನೂ ಮೂವತ್ತ. ಎರಡೂ ಒಂದ ಅಲ್ಲೇನು?"

"ಅಲ್ಲ! ಯಾತರ ಮ್ಯಾಲಿನ ಮೂವತ್ತು ಅನ್ನೂದ ಬ್ಯಾರೆ ಐತಿ. ಅಮ್ಮಿದು ಹೋಗಿದ್ದು ಆಕಿ ಹಾಕಿದ ರೊಕ್ಕದಾಗ. ನೀವು ತಿರುಗಿ ಕೂಡಿಸಿದ್ದು ನೀವ ಕೊಟ್ಟ ರೊಕ್ಕದ ಮ್ಯಾಲೆ. ನಿಮ್ಮ ರೊಕ್ಕ ಸಣ್ಣದು, ಅದರ ಮೂವತ್ತೂ ಸಣ್ಣದ." ಅವಳಿಗೆ ಉಸಿರು ಸಾಲುತ್ತಿರಲಿಲ್ಲ. ಮಾತಿಗಿಂತ ಮುಂದೆ ಲೆಕ್ಕ ಓಡುತ್ತಿತ್ತು. "ಹಿಂಗ ನೋಡ್ರಿ. ಅಮ್ಮಿ ನೂರು ಹಾಕಿದ್ರ ಎಪ್ಪತ್ತ ವಾಪಸ್ ಬಂತು. ಮೂವತ್ತ ಮಣ್ಣಾತು. ಅಂದ್ರ ನೀವು ಕೊಟ್ಟ ಎರಡ ಸಾವಿರದ ನೂರು ಅನ್ನೂದು ಬರೇ ಎಪ್ಪತ್ತರ ಪಾಲು. ಎರಡ ಸಾವಿರದ ನೂರನ್ನ ಎಪ್ಪತ್ತ ಭಾಗ ಮಾಡ್ರಿ. ಒಂದ ಭಾಗ ಎಷ್ಟಾತು?"

ಹೇಮಂತ ಒತ್ತಿದ. "ಮೂವತ್ತ."

"ಅಂಥಾ ನೂರ ಭಾಗ ಕೂಡಿದ್ರ ಅಸಲು. ಮೂವತ್ತ ನೂರಲೆ? ಮೂರ ಸಾವಿರ! ಮೂರ ಸಾವಿರ್ರಿ! ತಾಳೆ ಹಾಕಿ ನೋಡ್ರಿ ಬೇಕಾದ್ರ, ಮೂರ ಸಾವಿರದಾಗ ಮೂವತ್ತ ಪರ್ಸೆಂಟ್ ಕಳೀರಿ."

ಹೇಮಂತನ ಹೆಬ್ಬೆರಳು ತೆರೆಯ ಮೇಲೆ ಓಡಿತು. ಎರಡು ಸಾವಿರದ ನೂರು. ಒಂದು ರೂಪಾಯಿ ಹೆಚ್ಚಿಲ್ಲ, ಒಂದು ರೂಪಾಯಿ ಕಡಿಮೆ ಇಲ್ಲ.

"ಹೌದಲ್ರಿ!" ಎಂದ ಯಲ್ಲಪ್ಪ.

ಹೇಮಂತ ಗಾಡಿಯಿಂದ ಇಳಿದ. ತಬಸುಮ್ ಕುಣಿಯುವಷ್ಟು ಖುಷಿಯಲ್ಲಿ ತಿರುಗಿದಳು. ಬಾಗಿಲಲ್ಲಿ ನಿಂತಿದ್ದ ಶರೀಫಾಬಿಯ ಮುಖ ನೋಡಿ ನಿಂತಲ್ಲೇ ನಿಂತಳು. ಶರೀಫಾಬಿ ಮಗಳ ಕಡೆ ನೋಡುತ್ತಿರಲಿಲ್ಲ. ಸೊಸೆಯ ಕಡೆ ತಿರುಗಿದ್ದಳು.

"ಹೇಳಿಬಿಟ್ಟೆಲ್ಲ," ಎಂದಳು. ಆ ಮನೆಯಲ್ಲಿ ಗಿರಾಕಿಯ ಮುಂದೆ ಕನ್ನಡ, ಒಳಗೆ ಉರ್ದು. ಸಿಟ್ಟು ಬಂದಾಗ ಯಾವುದು ಮೊದಲು ಬಾಯಿಗೆ ಬರುತ್ತದೋ ಅದು. "ನಿನ್ನ ನಂಬಿ ಹೇಳಿದ್ದೆ. ನನ್ನ ಮಗಳಿಗೆ ಹೇಳಿಬಿಟ್ಟೆಲ್ಲ ಮುಮತಾಜ್!"

ಮುಮತಾಜ್ ಹಣಿಗೆಯನ್ನು ಠಣ್ಣೆಂದು ನೆಲಕ್ಕೆ ಒಗೆದಳು.

"ನಾ ಹೇಳಿದೆ? ನಾನು? ಲಗ್ನ ಆಗಿ ಬಂದಾಗಿನಿಂದ ನನ್ನ ತವರಮನೀಗೆ ಹೇಳಿಲ್ಲ, ಗಂಡಗ ಹೇಳಿಲ್ಲ. ನಿಮ್ಮ ಮಗಳಿಗೆ ಹೇಳಾಕ ನನಗ ಹುಚ್ಚ ಹಿಡದೈತೇನ್ರಿ ಅಮ್ಮಿ?"

"ಮತ್ತ ಇಕಿಗೆ ಹೆಂಗ ಗೊತ್ತಾತು? ಕನಸ ಬಿದ್ದಿತ್ತ?"

"ನೀನ ಹೇಳಿದ್ದು!" ತಬಸುಮ್ ಕೂಗಿದಳು. "ನೀನ ಅಮ್ಮಿ! ಎರಡ ಸಾವಿರದ ನೂರಕ್ಕ ಕೊಟ್ಟೆ ಅಂತ ಒಬ್ರಿಗಲ್ಲ, ಮೇಳದಾಗ ಬಂದವರಿಗೆಲ್ಲಾ ಹೇಳಿದಿ. ನೂರಕ್ಕ ಮೂವತ್ತ ಹೋತು ಅಂತ ಬಸ್ಸಿನಾಗ ಹೇಳಿದಿ, ಬಾಜೂಮನಿ ಜರೀನಾಬಿ ಮುಂದ ಹೇಳಿದಿ, ಚಾದ ಅಂಗಡ್ಯಾಗ ಹೇಳಿದಿ, ಕರೆಂಟ್ ಬಿಲ್ ಕೊಡಾಕ ಬಂದಾಂವನ ಕೂಡಿಸ್ಕೊಂಡ ಹೇಳಿದಿ. ಆ ಎರಡ ಮಾತ ಕೂಡಿಸಿದ್ರ ಅಸಲು ಬಂತು. ಭಾಬಿ ಯಾಕ ಹೇಳಬೇಕು?"

ಶರೀಫಾಬಿಯ ಲೆಕ್ಕದಲ್ಲಿ ಅಸಲು ಎಂಬುದು ಪೆಟ್ಟಿಗೆಯಲ್ಲಿ ಕೀಲಿ ಹಾಕಿ ಇಟ್ಟ ಮಾತು. ನಷ್ಟ ಎಂಬುದು ಹೇಳಿಕೊಂಡು ಅಳಲು ಇರುವ ಮಾತು. ಎರಡರ ನಡುವೆ ಒಂದು ಒಳಬಾಗಿಲಿದೆ ಎಂದು ಅವಳಿಗೆ ಯಾವತ್ತೂ ಹೊಳೆದಿರಲಿಲ್ಲ. ಅವಳ ಅತ್ತೆಗೂ ಹೊಳೆದಿರಲಿಲ್ಲ, ಅವಳೂ ಹೀಗೇ ಅಳುತ್ತಿದ್ದಳು. ಶರೀಫಾಬಿ ಹೊಸ್ತಿಲ ಮೇಲೆ ಕುಳಿತುಬಿಟ್ಟಳು.

"ಊರಿಗೆಲ್ಲಾ ಗೊತ್ತಾಗೇತೇನು ಹಂಗಾರ?"

"ಊರಾಗ ಯಾರೂ ಇಷ್ಟ ಲೆಕ್ಕ ಮಾಡೂದಿಲ್ಲ ಬಿಡ್ರಿ ಚಾಚಿ," ಎಂದ ಹೇಮಂತ. "ಮಾಡಿದಾಂವ ನಾ ಒಬ್ಬ. ನಾನೂ ತಪ್ಪ ಮಾಡಿದೆ." ಅವನಿಗೆ ನಾಚಿಕೆಯಾಗಿತ್ತು. ಅದನ್ನು ಮುಚ್ಚಿಕೊಳ್ಳಲು ದನಿ ಏರಿಸಿದ. "ನಾ ಆಡಿದ ಮಾತ ಆಡಿದ್ದ. ಮೂರ ಸಾವಿರದ ಮ್ಯಾಲೆ ನೂರಾ ಎಪ್ಪತ್ತ. ಏರಸರಿ ಗಾಡೀಗೆ."

ತಬಸುಮ್ ತಾಯಿಯ ಮುಖ ನೋಡಿದಳು. ಎರಡು ಸಾವಿರದ ಒಂಬೈನೂರು ಇದ್ದದ್ದು ಮೂರು ಸಾವಿರದ ನೂರ ಎಪ್ಪತ್ತಕ್ಕೆ ಏರಿತ್ತು. ತಾಯಿ ಈಗ ತನ್ನನ್ನು ಹಿಡಿದು ಮುದ್ದಿಸಬೇಕು ಎಂದು ಅವಳ ಎಣಿಕೆ. ಶರೀಫಾಬಿ ಮುದ್ದಿಸಲಿಲ್ಲ. ಇವತ್ತು ಮೂರು ಸಾವಿರದ ಆರುನೂರು ಕೇಳಬೇಕೆಂದು ಅವಳು ಬೆಳಗಿನ ನಮಾಜಿನ ಹೊತ್ತಿಗೇ ಠರಾಯಿಸಿದ್ದಳು. ಅಸಲು ಗೊತ್ತಿಲ್ಲದ ಗಿರಾಕಿಯ ಹತ್ತಿರ ಎಷ್ಟಾದರೂ ಕೇಳಬಹುದು. ಗೊತ್ತಿರುವವನು ಅಸಲಿನ ಗೂಟಕ್ಕೆ ಕಟ್ಟಿ ಹಾಕುತ್ತಾನೆ. ಮಗಳು ನಷ್ಟದಿಂದ ಉಳಿಸಿದ್ದಳು. ಅದೇ ಬಾಯಿಂದ ಲಾಭಕ್ಕೆ ಬೇಲಿಯನ್ನೂ ಹಾಕಿದ್ದಳು.

ಶರೀಫಾಬಿ ತಲೆ ಮೇಲಿನ ಸೆರಗು ಸರಿಮಾಡಿಕೊಂಡಳು. ಆಮೇಲೆ ಅವಳ ಕೈ ನಿಧಾನವಾಗಿ ಆಕಾಶಕ್ಕೆ ಎದ್ದಿತು.

"ತಮ್ಮಾ, ಆ ಮೂರ ಸಾವಿರ ಹ್ವಾದ ವರ್ಷದ ಅಸಲು. ಮೇಳದಾಗಿನ ಮಾಲು ಹ್ವಾದ ವರ್ಷದ್ದು. ಇದು ಈ ವರ್ಷದ ನೂಲು, ಈ ವರ್ಷದ ಬಣ್ಣ. ಮುಟ್ಟಿ ನೋಡ."

ತಬಸುಮ್ ಬೆರಗಾದಳು. ಇದು ನಿಜವೋ, ಈಗಷ್ಟೇ ಹುಟ್ಟಿದ್ದೋ ಅವಳಿಗೆ ತಿಳಿಯಲಿಲ್ಲ. ಮುಮತಾಜಳ ಮುಖ ನೋಡಿದಳು. ಅದು ಗೋಡೆಯ ಹಾಗಿತ್ತು.

"ಹಂಗಾರ ಈ ವರ್ಷದ್ದ ಎಷ್ಟು?" ಎಂದ ಹೇಮಂತ.

"ಅದನ್ನ ಹೇಳಿದ್ರ ನಾ ಶರೀಫಾಬಿನ ಅಲ್ಲ."

ಹೇಮಂತ ಅವಳನ್ನು ಒಂದು ಗಳಿಗೆ ನೋಡಿದ. ಅವನೂ ಈಗ ಕಲಿತಿದ್ದ. ಗಲ್ಲ ಕೆರೆದುಕೊಳ್ಳುತ್ತ, ಏನೂ ಅರಿಯದವನ ಹಾಗೆ, ಮೆತ್ತಗೆ ಕೇಳಿದ: "ಬ್ಯಾಡ್ರಿ ಚಾಚಿ, ಅಸಲು ಬ್ಯಾಡ. ನೂಲು, ಬಣ್ಣ ಎಲ್ಲಾ ತುಟ್ಟಿ ಆಗ್ಯಾವು ಖರೆ. ನೂರಕ್ಕ ಎಷ್ಟ ಏರಿರಬೇಕ್ರಿ?"

"ಅಯ್ಯ, ಏನ ಕೇಳತೀ ತಮ್ಮಾ ನಮ್ಮ ಹಣೇಬಾರ! ನೂರಕ್ಕ..."

"ಅಮ್ಮಿ, ಬಾಯಿ ಮುಚ್ಚ!"

ತಬಸುಮ್ ಎಷ್ಟು ಜೋರಾಗಿ ಕೂಗಿದಳೆಂದರೆ, ಓಣಿಯ ಆಚೆ ಯಾರೋ ಕಿಟಕಿ ತೆರೆದರು. ತಾಯಿಗೆ ಬಾಯಿ ಮುಚ್ಚು ಎಂದ ಮಗಳನ್ನು ಶರೀಫಾಬಿ ಕೈ ಎತ್ತಿ ನೋಡಿದಳು. ಆಮೇಲೆ ಹೇಮಂತನನ್ನು ನೋಡಿದಳು. ಅವನ ಹೆಬ್ಬೆರಳು ಫೋನಿನ ಮೇಲೆ ಸಜ್ಜಾಗಿ ನಿಂತಿತ್ತು. ಎತ್ತಿದ ಕೈ ಇಳಿದು ತನ್ನ ಬಾಯಿಯ ಮೇಲೆ ಕುಳಿತಿತು.

ಯಲ್ಲಪ್ಪ ಸ್ಟೇರಿಂಗಿನ ಮೇಲೆ ಬಿದ್ದು ನಗತೊಡಗಿದ. ಮುಮತಾಜ್ ಸೆರಗಿನಲ್ಲಿ ನಕ್ಕಳು. ಕೊನೆಗೆ ಹೇಮಂತನೂ ನಕ್ಕ. "ಭಲೆ ಹುಡಿಗೇರವಾ ನೀವು. ಹೇಳ್ರಿ ಚಾಚಿ, ಎಷ್ಟಕ್ಕ ಕೊಡತೀರಿ ಅದನ್ನರ ಹೇಳ್ರಿ."

"ಮೂರ ಸಾವಿರದ ಆರನೂರು."

"ಮೂರ ಸಾವಿರದ ಎರಡನೂರು. ಅದರ ಮ್ಯಾಲೆ ನನ್ನ ಹೊಟ್ಟಿ ಮ್ಯಾಲೆ ಹೊಡದಂಗ."

"ಮೂರ ಸಾವಿರದ ಐನೂರು. ಗೊಂಡೆ ನೋಡ, ಎಷ್ಟ ಬಿಗಿ ಕಟ್ಯಾಳ ನನ್ನ ಮಗಳು."

"ಗೊಂಡೇಕ ಮುನ್ನೂರೇನ್ರಿ?"

"ಕಟ್ಟಿದಾಕಿ ಬಿ.ಕಾಂ. ಓದ್ಯಾಳ."

"ಅದ ನಂಗ ತುಟ್ಟಿ ಬಿದ್ದದ್ದು!"

"ಲಗೂನ ಮುಗಸ್ರಿ," ಎಂದ ಯಲ್ಲಪ್ಪ. "ಕಲಘಟಗಿ ಮುಟ್ಟೂದರಾಗ ಕತ್ತಲಾಕೈತಿ. ನಡುವ ಹೊಡದು ಬಿಡ್ರಿ, ಮೂರ ಸಾವಿರದ ಮುನ್ನೂರಾ ಐವತ್ತು."

ಶರೀಫಾಬಿ ಎದ್ದು ಮೊದಲ ಜಮಖಾನವನ್ನು ಕೊಡವಿ ಮಡಚಿದಳು. ಹೇಮಂತ ಅದನ್ನು ಎರಡೂ ಕೈಯಲ್ಲಿ ತೆಗೆದುಕೊಂಡ. ಅಲ್ಲಿಗೆ ವ್ಯಾಪಾರ ಮುಗಿದಿತ್ತು.

ರಾಶಿ ಕರಗಿತು. ಅದರ ಹಿಂದಿನ ಗೋಡೆ ವರ್ಷದ ನಂತರ ಕಾಣಿಸಿತು, ಸುಣ್ಣ ಉದುರಿತ್ತು. ಗಾಡಿ ಹೋದ ಮೇಲೆ ಮುಮತಾಜ್ ಮತ್ತೆ ಮಗ್ಗದ ಮುಂದೆ ಕುಳಿತಳು. ಪಾರ್ಸಲ್ ಗೋಡೌನಿನ ಮಾತು ಯಾರೂ ಎತ್ತಲಿಲ್ಲ. ಶರೀಫಾಬಿ ಸೊಸೆಗೆ ತಪ್ಪಾಯಿತು ಎನ್ನಲಿಲ್ಲ. ತಾನೇ ಚಹಾ ಮಾಡಿ ಮೊದಲ ಕಪ್ಪನ್ನು ಅವಳ ಕೈಗೆ ಕೊಟ್ಟಳು. ಮುಮತಾಜ್ ಒಂದು ಗುಟುಕು ಕುಡಿದು, "ಸಕ್ಕರಿ ಕಡಿಮಿ ಆಗೇತಿ," ಎಂದಳು. ಶರೀಫಾಬಿ ಸಕ್ಕರೆ ತಂದು ಹಾಕಿದಳು.

ತಬಸುಮ್ ಕಾದಳು. ಕಾಯುವುದು ಸಾಕಾದ ಮೇಲೆ ಕೇಳಿದಳು. "ಅಮ್ಮಿ, ಈ ವರ್ಷದ ಅಸಲು ಖರೇನ ಏರೈತೇನು?"

"ನಿನಗ್ಯಾಕ?" ಎಂದಳು ಶರೀಫಾಬಿ. ಕಪ್ಪನ್ನು ತುಟಿಗೆ ಒಯ್ದವಳು ಅರ್ಧದಲ್ಲಿ ನಿಲ್ಲಿಸಿದಳು. ಮುಖದಲ್ಲಿ ಏನೋ ಓಡಾಡಿತು.

"ತಬ್ಬೂ. ಈ ಲೆಕ್ಕ ಯಾರದಾದ್ರೂ ಹಿಡೀತೈತೇನು? ಬರೇ ಜಮಖಾನದ್ದ ಅಷ್ಟನೋ?"

"ಯಾರದಾದ್ರೂ. ಎಷ್ಟಕ್ಕ ಮಾರಿದ್ರು, ನೂರಕ್ಕ ಎಷ್ಟ ಹೋತು, ಎರಡ ಗೊತ್ತಿದ್ರ ಮುಗೀತು."

"ಹುಬ್ಬಳ್ಳಿ ನೂಲಿನಂವ. ಹ್ವಾದಾಗೊಮ್ಮೆ ಅಳತಾನ ನನ್ನ ಮುಂದ. 'ನಿಮಗಂತ ನೂರಕ್ಕ ಎಂಟ ಲುಕ್ಸಾನದಾಗ ಕೊಡಾಕತ್ತೇನಿ ಬೀಬಿ' ಅಂತಾನ. ಪಾಪ ಅಂತ ನಾನೂ ಚೌಕಾಶಿ ಮಾಡೂದಿಲ್ಲ."

"ಕೇಜಿಗೆ ಎಷ್ಟ ತಗೋತಾನ?"

"ಎರಡನೂರಾ ಎಪ್ಪತ್ತಾರ," ಎಂದಳು ಶರೀಫಾಬಿ. ಮಗಳಿಗೆ ಹೇಳಬಾರದ ಮಾತು ಅದು. ಮುಮತಾಜ್ ಹುಬ್ಬೇರಿಸಿದಳು. ಶರೀಫಾಬಿಗೆ ಅದರ ಖಬರೇ ಇರಲಿಲ್ಲ.

"ಎಂಟ ಹೋದ್ರ ತೊಂಬತ್ತೆರಡ ಉಳೀತು," ತಬಸುಮ್ ಬೆರಳು ಮಡಚಿದಳು. "ಎರಡನೂರಾ ಎಪ್ಪತ್ತಾರನ್ನ ತೊಂಬತ್ತೆರಡ ಭಾಗ ಮಾಡಿದ್ರ ಒಂದ ಭಾಗ ಮೂರ ರೂಪಾಯಿ. ಅಂಥಾ ನೂರು. ಮುನ್ನೂರು, ಅಮ್ಮಿ. ಅಂವ ಮುನ್ನೂರಕ್ಕ ತಂದು ನಿನಗ ಎರಡನೂರಾ ಎಪ್ಪತ್ತಾರಕ್ಕ ಕೊಡತಾನಂತ."

"ಮುನ್ನೂರ?" ಮುಮತಾಜ್ ಮಗ್ಗ ಬಿಟ್ಟು ಎದ್ದಳು. "ಮೊನ್ನಿ ನಾನ ಹೋಗಿದ್ದೆನಲ್ಲ, ಅಂವನ ಹಮಾಲ ಗಂಟ ಹೊರಸೂಮುಂದ ಅಂದ. ಮಿಲ್ಲಿನಿಂದ ಎರಡನೂರಾ ನಲವತ್ತಕ್ಕ ಬರತೈತಂತ!"

"ಹಂಗಾರ ಲುಕ್ಸಾನ ಎಲ್ಲೈತಿ? ಕೇಜಿಗೆ ಮೂವತ್ತಾರ ಲಾಭ ಅಂವಗ!" ಎಂದಳು ತಬಸುಮ್.

"ಹರಾಮಖೋರ!" ಶರೀಫಾಬಿ ಚಹಾದ ಕಪ್ಪನ್ನು ಅಲ್ಲೇ ಬಿಟ್ಟು ಬುರ್ಖಾ ಹುಡುಕತೊಡಗಿದಳು. "ಅಳತಿದ್ದ ನನ್ನ ಮುಂದ! ಕಣ್ಣಾಗ ನೀರ ತರತಿದ್ದ! ತಬ್ಬೂ, ಚಪ್ಪಲಿ ಹಾಕೋ. ಹುಬ್ಬಳ್ಳಿ ಬಸ್ ಇನ್ನೂ ಅದಾವು."

"ನಾನೂ ಬರಲೇನು? ನೂಲಿನ ಅಂಗಡೀಗೆ?"

"ನೀ ಬರದ ಮತ್ತ್ಯಾರು ಬರತಾರ? ಭಾಗ ಮಾಡಾಕ ನನಗ ಬರತೈತೇನು? ಏಳ ಲಗೂನ, ಅಂವ ಅಂಗಡಿ ಮುಚ್ಚೂದರಾಗ ಹೋಗೂಣು!"